ಸಾಹೇಬ್ರು ಮೀಟಿಂಗಲ್ಲಿದಾರೆ: ಸರ್ಕಾರಿ ಆಫೀಸಿನ ಕಾಮಿಡಿ ಹೇಗೆ ಕೆಲ್ಸ ಮಾಡುತ್ತೆ

1989ರಲ್ಲಿ ನಮ್ಮ ದೇಶದಲ್ಲಿ ಟೀವಿ ಅಂದ್ರೆ ದೂರದರ್ಶನ, ದೂರದರ್ಶನ ಅಂದ್ರೆ ಕೇಂದ್ರ ಸರ್ಕಾರ, ಅಷ್ಟೇ ಲೆಕ್ಕ. ಈಗಿನ ಥರ ಮಧ್ಯದಲ್ಲಿ ಪ್ರಸಾರ ಭಾರತಿ ಅಂತ ಒಂದು ಸಂಸ್ಥೆ ಕೂಡ ಇರ್ಲಿಲ್ಲ, ಅದರ ಕಾಯ್ದೆ ಆಗಿದ್ದು 1990ರಲ್ಲಿ, ಅದು ಜಾರಿಗೆ ಬಂದಿದ್ದು 1997ರಲ್ಲಿ, ಅಲ್ಲೀವರ್ಗೂ ದೂರದರ್ಶನ ನೇರವಾಗಿ ವಾರ್ತಾ ಮತ್ತು ಪ್ರಸಾರ ಇಲಾಖೆ ಕೈಕೆಳಗೇ ಇತ್ತು. ಅಂಥಾ ಟೀವೀಲಿ ಚಂಡೀಗಢದ ಒಬ್ಬ ಸರ್ದಾರ್ಜಿ ಬಂದು ಸರ್ಕಾರಿ ನೌಕರರು, ಟೆಲಿಫೋನ್ ಇಲಾಖೆ, ಕಂಟ್ರಾಕ್ಟರು, ಡಾಕ್ಟರು, ಪಿಎಚ್‌ಡಿ ಗೈಡು ಹೀಗೆ ಒಬ್ಬೊಬ್ಬರನ್ನೇ ಹಿಡಿದು ಆಡ್ಕೊಂಡ, ಅದೂ ಎಷ್ಟು, ಬರೀ 10 ಎಪಿಸೋಡು. ಫ್ಲಾಪ್ ಶೋ ಅಂತ ಅದರ ಹೆಸರು, ಮಾಡಿದೋನು ಜಸ್ಪಾಲ್ ಭಟ್ಟಿ. ಹಿಂದಿ ಅರ್ಧಂಬರ್ಧ ಅರ್ಥ ಆಗ್ತಿದ್ದ ನಮ್ಮ ಕಡೆ ಮನೆಗಳಲ್ಲೂ ಜನ ನೋಡಿ ನಗ್ತಿದ್ರು, ಯಾಕಂದ್ರೆ ಆ ಆಫೀಸು ಯಾವ ಊರಲ್ಲಾದ್ರೂ ಇರೋ ಆಫೀಸೇ.

ಈಗ ಕೇಳ್ಕೋಬೇಕಾದ್ದು ಎರಡು ವಿಷ್ಯ. ಸರ್ಕಾರಿ ಟೀವಿ ಸರ್ಕಾರಿ ಆಫೀಸನ್ನೇ ಗೇಲಿ ಮಾಡೋಕೆ ಹೇಗೆ ಬಿಡ್ತು. ಮತ್ತೆ ಆ ಕಾಲದ ಸಮಸ್ಯೆಗಳು ಎಷ್ಟೋ ಈಗ ಇಲ್ವೇ ಇಲ್ಲ, ಲ್ಯಾಂಡ್‌ಲೈನಿಗೆ ಯಾರೂ ಕಾಯಲ್ಲ, ಆದ್ರೂ ಈಗ ನೋಡಿದ್ರೂ ನಗು ಯಾಕೆ ಬರುತ್ತೆ. ನನ್ನ ಪ್ರಕಾರ ಎರಡಕ್ಕೂ ಉತ್ತರ ಒಂದೇ, ಆದ್ರೆ ಅಲ್ಲಿಗೆ ಹೋಗೋಕೆ ಮುಂಚೆ ಈ ಥರದ ಕಾಮಿಡಿ ಒಳಗಡೆ ಹೇಗೆ ಓಡುತ್ತೆ ಅಂತ ಸ್ವಲ್ಪ ಬಿಚ್ಚಿ ನೋಡ್ಬೇಕು.

ಮೊದ್ಲು ಮನುಷ್ಯನ ಬಗ್ಗೆ. ಭಟ್ಟಿ ಹುಟ್ಟಿದ್ದು 1955ರಲ್ಲಿ, ಅಮೃತಸರದಲ್ಲಿ. ಓದಿದ್ದು ಚಂಡೀಗಢದ ಪಂಜಾಬ್ ಎಂಜಿನಿಯರಿಂಗ್ ಕಾಲೇಜಲ್ಲಿ, ಎಲೆಕ್ಟ್ರಿಕಲ್. ಕಾಲೇಜಲ್ಲೇ ನಾನ್‌ಸೆನ್ಸ್ ಕ್ಲಬ್ ಅಂತ ಕಟ್ಕೊಂಡು ಬೀದೀಲಿ ಅಣಕು ಆಟ ಆಡ್ತಿದ್ದ. ಆಮೇಲೆ ಪಂಜಾಬ್ ವಿದ್ಯುತ್ ಮಂಡಳೀಲಿ ಕೆಲ್ಸ, ಜೊತೆಗೆ ಟ್ರಿಬ್ಯೂನ್ ಪತ್ರಿಕೆಗೆ ಕಾರ್ಟೂನು. ಈ ಎರಡು ಕೆಲ್ಸ ಒಟ್ಟಿಗೆ ಬಂದಿದ್ದೇ ಇಲ್ಲಿ ಮುಖ್ಯ. ವಿದ್ಯುತ್ ಮಂಡಳಿ ಅಂದ್ರೆ ಫೈಲು ಎಲ್ಲಿಂದ ಹೊರಟು ಎಲ್ಲಿ ನಿಲ್ಲುತ್ತೆ ಅಂತ ಒಳಗಿಂದಾನೇ ಗೊತ್ತಾಗೋ ಜಾಗ, ಕಾರ್ಟೂನ್ ಅಂದ್ರೆ ಒಂದೇ ಚೌಕಟ್ಟಲ್ಲಿ ಮುಗಿಸ್ಬೇಕು ಅನ್ನೋ ಶಿಸ್ತು. ಫ್ಲಾಪ್ ಶೋ ಅಲ್ದೆ ಉಲ್ಟಾ ಪುಲ್ಟಾ ಅಂತ ಪುಟಾಣಿ ತುಣುಕುಗಳೂ ದೂರದರ್ಶನದಲ್ಲಿ ಬರ್ತಿತ್ತು, ಅದು ಹೆಚ್ಚುಕಮ್ಮಿ ಓಡಾಡೋ ಕಾರ್ಟೂನೇ, ಒಂದು ಐಡಿಯಾ, ಒಂದು ತಿರುವು, ಮುಗೀತು.

ಆಮೇಲೆ ಆ ಕಾಲ. ಈಗಿನ ಹುಡುಗರಿಗೆ ಇದು ಸ್ವಲ್ಪ ಹೇಳ್ಬೇಕಾಗುತ್ತೆ. 1991ರಲ್ಲಿ ಆರ್ಥಿಕ ಉದಾರೀಕರಣ ಬರೋಕೆ ಮುಂಚೆ ಫೋನು, ಗ್ಯಾಸು, ಸ್ಕೂಟರು, ಸೈಟು ಯಾವುದಕ್ಕೂ ಕ್ಯೂ. ಫೋನಿಗೆ ಅರ್ಜಿ ಹಾಕಿ ವರ್ಷಗಟ್ಲೆ ಕಾಯ್ತಿದ್ರು, ಬಂದ್ಮೇಲೆ ಅದು ಡೆಡ್ ಆದ್ರೆ ಲೈನ್‌ಮನ್ ದರ್ಶನಕ್ಕೆ ಮತ್ತೆ ಕಾಯೋದು, ರಸ್ತೇಲಿ ಒಬ್ರ ಮನೇಲಿ ಫೋನ್ ಇದ್ರೆ ಇಡೀ ರಸ್ತೆಗೆ ಅದೇ ನಂಬರು. (ಆ ಭಾರದ ಫೋನುಗಳು ಎಷ್ಟೋ ತಯಾರಾಗ್ತಿದ್ದಿದ್ದು ನಮ್ಮ ಬೆಂಗಳೂರಲ್ಲೇ, 1948ರಲ್ಲಿ ಶುರುವಾದ ಐಟಿಐ ಫ್ಯಾಕ್ಟರೀಲಿ, ದೂರವಾಣಿ ನಗರ ಅನ್ನೋ ಹೆಸರು ಬಂದಿದ್ದೇ ಅದರಿಂದ.) ಯಾವುದಾದ್ರೂ ವಸ್ತು ಕಮ್ಮಿ ಇದ್ದಾಗ ಅದನ್ನ ಹಂಚೋ ಕೌಂಟರಿನ ಹಿಂದೆ ಕೂತಿರೋನಿಗೆ ತಾನಾಗೇ ಒಂದು ಪವರ್ ಬರುತ್ತೆ, ಅವನ ಸಂಬಳಕ್ಕೂ ಆ ಪವರಿಗೂ ಸಂಬಂಧಾನೇ ಇರಲ್ಲ. ಡಿಸಿಗಿಂತ ಡಿಸಿ ರೂಮಿನ ಬಾಗಿಲಲ್ಲಿ ಕೂತ ಜವಾನನ್ನ ಮಾತಾಡ್ಸೋದು ಕಷ್ಟ ಅಂತಾರಲ್ಲ, ಅದು ಇದೇ. ಆಫೀಸ್ ಕಾಮಿಡಿಯ ಬೇರು ಇರೋದು ಈ ಅಸಮತೋಲನದಲ್ಲಿ, ದೊಡ್ಡ ಮನುಷ್ಯನ ಸಣ್ಣತನ ಅಲ್ಲ, ಸಣ್ಣ ಕುರ್ಚಿಯ ದೊಡ್ಡತನ.

ಸರಿ, ಮೆಕ್ಯಾನಿಸಂ. ಇದನ್ನ ಹೇಳೋಕೆ ನಾನೇ ಒಂದು ಸ್ಕಿಟ್ ಕಟ್ತೀನಿ, ಭಟ್ಟೀದಲ್ಲ, ಬರೀ ಉದಾಹರಣೆಗೆ. ವಿಷ್ಯ: ರಸ್ತೆ ಗುಂಡಿ. ಕೆಟ್ಟ ಸ್ಕಿಟ್ ಹೇಗಿರುತ್ತೆ ಅಂದ್ರೆ, ಒಬ್ಬ ದೂರು ಕೊಡೋಕೆ ಬರ್ತಾನೆ, ಹೊಟ್ಟೆ ಇರೋ ಎಂಜಿನಿಯರ್ ಲಂಚ ಕೇಳ್ತಾನೆ, ಹಿನ್ನೆಲೇಲಿ ಟಿಂಯ್ ಅಂತ ಸೌಂಡು, ಕೊನೇಲಿ ಒಬ್ಬ ಹೀರೋ ಬಂದು ಸಂವಿಧಾನ ಪ್ರಜೆಗಳು ಅಂತ ಭಾಷಣ ಹೊಡೀತಾನೆ, ಚಪ್ಪಾಳೆ. ಇದರಲ್ಲಿ ನಗು ಎಲ್ಲಿದೆ? ಎಂಜಿನಿಯರ್ ಕೆಟ್ಟೋನು ಅಂತ ನಮಗೆ ಹೇಳಿದ್ರು, ನಾವು ಹೂಂ ಅಂದ್ವಿ, ಮುಗೀತು.

ಈಗ ಇನ್ನೊಂದು ಥರ. ಎಂಜಿನಿಯರ್ ಒಳ್ಳೆಯೋನೇ, ಲಂಚ ಮುಟ್ಟಲ್ಲ, ಫೋನ್ ಮಾಡಿದ ಅರ್ಧ ಗಂಟೇಲಿ ಟೇಪ್ ಹಿಡ್ಕೊಂಡು ಬಂದುಬಿಡ್ತಾನೆ. ಅಳತೆ ಮಾಡಿ ಹೇಳ್ತಾನೆ, ‘ಸಾರ್, ಗುಂಡಿ ಇರೋದು ಎರಡು ವಾರ್ಡ್ ಬಾರ್ಡರಲ್ಲಿ, ಅರ್ಧ ನಮ್ದು, ನಮ್ಮ ಅರ್ಧ ಇವತ್ತೇ ಮುಚ್ತೀವಿ.’ ಮುಚ್ತಾರೆ, ನೀಟಾಗಿ, ಗೆರೆ ಎಳೆದ ಹಾಗೆ ಅರ್ಧ. ಈಗ ಗುಂಡಿ ಒಂದು ಕಡೆ ಗೋಡೆ ಥರ ಆಗಿ ಬೈಕುಗಳು ಮೊದಲಿಗಿಂತ ಜಾಸ್ತಿ ಬೀಳ್ತವೆ. ದೂರು ಕೊಟ್ಟೋನು ಪಕ್ಕದ ವಾರ್ಡಿಗೆ ಹೋಗ್ತಾನೆ. ಅವರು ಫೋಟೋ ನೋಡಿ, ‘ಇದು ಗುಂಡಿ ಅಲ್ಲ ಸಾರ್, ನಿಯಮದ ಪ್ರಕಾರ ಗುಂಡಿ ಅಂದ್ರೆ ನಾಲ್ಕೂ ಕಡೆ ಅಂಚಿರ್ಬೇಕು, ಇದಕ್ಕೆ ಮೂರೇ ಇದೆ, ಇದು ರಸ್ತೆ ಮಟ್ಟದ ವ್ಯತ್ಯಾಸ, ಅದಕ್ಕೆ ಬೇರೆ ಸೆಕ್ಷನ್ನು’ ಅಂತಾರೆ. ಕೊನೆಗೆ ಇವನು ಏನ್ ಮಾಡ್ತಾನೆ, ರಾತ್ರಿ ಗುದ್ದಲಿ ತಗೊಂಡು ಹೋಗಿ ಮುಚ್ಚಿದ್ದ ಅರ್ಧಾನ ಅಗೀತಾನೆ, ನಾಲ್ಕನೇ ಅಂಚು ಮಾಡೋಕೆ. ಸಾರ್ವಜನಿಕ ಆಸ್ತಿ ಹಾಳು ಮಾಡಿದ್ದಕ್ಕೆ ಅವನ ಮೇಲೇ ಕೇಸು, ಕೇಸಲ್ಲಿ ಸಾಕ್ಷಿ ನಾಶ ಆಗ್ಬಾರ್ದು ಅಂತ ಗುಂಡಿ ಸುತ್ತ ಬ್ಯಾರಿಕೇಡು.

ಗಮನಿಸಿ, ಇದರಲ್ಲಿ ಯಾರೂ ನಿಯಮ ಮುರೀಲಿಲ್ಲ, ಆ ಬಡಪಾಯಿ ಒಬ್ಬನ್ನ ಬಿಟ್ಟು. ಪ್ರತಿ ಹೆಜ್ಜೇನೂ ಹಿಂದಿನ ಹೆಜ್ಜೆ ಪ್ರಕಾರ ಸರಿಯಾಗೇ ಇದೆ, ಒಟ್ಟು ಮಾತ್ರ ಹುಚ್ಚು. ಆಫೀಸ್ ಕಾಮಿಡಿಯ ಎಂಜಿನ್ ಇದೇ: ತರ್ಕಾನ ಬಿಡೋದಲ್ಲ, ತರ್ಕಾನ ಎಲ್ಲಿ ನಿಲ್ಲಿಸ್ಬೇಕಿತ್ತೋ ಅಲ್ಲಿ ನಿಲ್ಲಿಸ್ದೆ ಇರೋದು. ಇದನ್ನ ಆಡೋ ನಟ ಕಾಮಿಡಿ ಮಾಡೋ ಹಾಗೇ ಇಲ್ಲ, ಹಲ್ಲು ಕಿರಿದ್ರೆ ಸತ್ತ, ಆ ಎಂಜಿನಿಯರಿಗೆ ತಾನು ಹೇಳ್ತಿರೋದು ಪೂರ್ತಿ ನ್ಯಾಯ ಅನ್ನಿಸ್ಬೇಕು. ಭಟ್ಟಿ ಮುಖ ನೆನಪಿಸ್ಕೊಳಿ, ಎಷ್ಟು ಸಪ್ಪೆ, ಎಷ್ಟು ಗಂಭೀರ, ಬ್ಯಾಂಕಲ್ಲಿ ಪಾಸ್‌ಬುಕ್ ಎಂಟ್ರಿ ಮಾಡಿಸೋಕೆ ಬಂದೋರ ಥರ ಇರ್ತಿತ್ತು ಆ ಮುಖ, ಪಕ್ಕದಲ್ಲಿ ಶೋದ ಇನ್ನೊಬ್ಬ ನಟ ವಿವೇಕ್ ಶೌಕ್ ಎಷ್ಟೇ ಓವರ್ ಮಾಡಿದ್ರೂ ಇವನು ಅಲುಗ್ತಿರ್ಲಿಲ್ಲ.

ಬ್ರಿಟನ್ನಲ್ಲಿ ಇದೇ ಎಂಜಿನ್ನನ್ನ ಇನ್ನೂ ಹುಚ್ಚು ಕಡೆಗೆ ಓಡ್ಸಿದಾರೆ. 1970ರಲ್ಲಿ ಬಿಬಿಸಿಯ ಮಾಂಟಿ ಪೈಥನ್ ಕಾರ್ಯಕ್ರಮದಲ್ಲಿ ಜಾನ್ ಕ್ಲೀಸ್ ಒಬ್ಬ ಸೂಟು ಬೂಟಿನ ಅಧಿಕಾರಿ, ಅವನ ಇಲಾಖೆ ಇರೋದೇ ವಿಚಿತ್ರ ನಡಿಗೆಗಳಿಗೋಸ್ಕರ. ಒಬ್ಬ ಅರ್ಜಿ ಹಿಡ್ಕೊಂಡು ಬರ್ತಾನೆ, ನನ್ನ ನಡಿಗೆ ಅಭಿವೃದ್ಧಿ ಮಾಡೋಕೆ ಸರ್ಕಾರಿ ಗ್ರಾಂಟ್ ಬೇಕು ಅಂತ. ಎಲ್ರಿಗೂ ಆ ಕಾಲು ಎತ್ತಿ ನಡೆಯೋದೇ ನೆನಪಿರೋದು, ಆದ್ರೆ ನನಗೆ ನಗು ತರೋದು ಆಮೇಲಿನ ಮಾತುಕತೆ, ಅಧಿಕಾರಿ ಅರ್ಜಿದಾರನ ನಡಿಗೆ ನೋಡಿ ಇದು ಅಷ್ಟೇನೂ ವಿಚಿತ್ರ ಇಲ್ವಲ್ಲ ಅಂತಾನೆ, ರಕ್ಷಣಾ ಇಲಾಖೆಗೆ ಅಷ್ಟು ಕೊಡ್ತಾರೆ ನಮಗೆ ಬಜೆಟ್ಟೇ ಇಲ್ಲ ಅಂತ ಗೋಳಾಡ್ತಾನೆ. ನಡಿಗೆ ತೆಗೆದು ಅಲ್ಲಿ ಯಾವ್ದೋ ಅಕಾಡೆಮಿ, ಯಾವ್ದೋ ನಿಗಮ ಅಂತ ಹಾಕಿ, ಡೈಲಾಗ್ ಹಾಗೇ ಓಡುತ್ತೆ.

ಆದ್ರೆ ಪೈಥನ್ ಥರ ಹಾರೋಕೆ ಫ್ಲಾಪ್ ಶೋಗೆ ಆಗ್ತಿರ್ಲಿಲ್ಲ, ಬೇಕಾಗೂ ಇರ್ಲಿಲ್ಲ. ಅದರ ತಾಕತ್ತು ಬೇರೆ ಕಡೆ ಇತ್ತು, ಇಲ್ಲಿಗೇ ನಾನು ಬರ್ಬೇಕು ಅಂತಿದ್ದಿದ್ದು. ಅದರಲ್ಲಿ ಸರ್ಕಾರ ಒಂದು ಕಡೆ, ಅಮಾಯಕ ಪ್ರಜೆ ಒಂದು ಕಡೆ ಅನ್ನೋ ಗೆರೇನೇ ಇಲ್ಲ. ಮೆಡಿಕಲ್ ಬಿಲ್ ಎಪಿಸೋಡ್ ತಗೊಳಿ. ಸರ್ಕಾರಿ ನೌಕರರಿಗೆ ಚಿಕಿತ್ಸೆ ಖರ್ಚು ಇಲಾಖೆ ವಾಪಸ್ ಕೊಡುತ್ತೆ, ಒಳ್ಳೇ ಸೌಲಭ್ಯ. ಅದನ್ನ ಆರೋಗ್ಯವಾಗಿರೋ ಜನ ಸುಳ್ಳು ಬಿಲ್ ಹಾಕಿ ಎತ್ತುವಳಿ ಮಾಡೋದೇ ಕಥೆ. ಅಲ್ಲಿ ಕಳ್ಳ ಯಾರು? ನೌಕರನೂ ಹೌದು, ಬಿಲ್ ಕೊಡೋ ಡಾಕ್ಟರೂ ಹೌದು, ಸಹಿ ಹಾಕೋರೂ ಹೌದು, ಮತ್ತೆ ಅದನ್ನ ನೋಡ್ತಾ ಕೂತಿರೋ ನೌಕರರ ಕುಟುಂಬಾನೂ. ನಮ್ಮಲ್ಲೂ ಎಲ್‌ಟಿಸಿ, ಅಂದ್ರೆ ನೌಕರರ ರಜೆ ಪ್ರವಾಸದ ಖರ್ಚಿನ, ಬಿಲ್ ಹೇಗ್ ಮಾಡಿಸ್ತಿದ್ರು ಅಂತ ಹಳೇ ತಲೆಗಳನ್ನ ಕೇಳಿ, ಒಂದೊಂದು ಕಥೆ ಒಂದೊಂದು ಎಪಿಸೋಡು.

ಪಿಎಚ್‌ಡಿ ಎಪಿಸೋಡಲ್ಲಿ ಗೈಡು ಸ್ಟೂಡೆಂಟ್ ಹತ್ರ ಮನೆ ಚಾಕರಿ ಮಾಡಿಸ್ತಾನೆ, ಸರಿ, ಆದ್ರೆ ಸ್ಟೂಡೆಂಟಿಗೂ ಬೇಕಿರೋದು ಡಿಗ್ರಿ, ಜ್ಞಾನ ಅಲ್ಲ, ಹಾಗಾಗಿ ಇದು ಶೋಷಣೆಗಿಂತ ಒಂದು ಥರ ವ್ಯಾಪಾರ. ಕಂಟ್ರಾಕ್ಟರ್ ಎಪಿಸೋಡಲ್ಲೂ ಅಷ್ಟೆ, ಸಿಮೆಂಟ್ ಕಮ್ಮಿ ಮರಳು ಜಾಸ್ತಿ ಅನ್ನೋದು ಎಲ್ರಿಗೂ ಗೊತ್ತು, ಗೊತ್ತಿದ್ದೂ ಸಾಂಗವಾಗಿ ನಡೀತಾ ಹೋಗುತ್ತೆ. ಮತ್ತೆ ಮೀಟಿಂಗ್ ಎಪಿಸೋಡು, ಅದು ನನ್ನ ಫೇವರೆಟ್ಟು, ಮೀಟಿಂಗಿನಿಂದ ಏನೂ ಆಗ್ಬೇಕಾಗಿಲ್ಲ, ಮೀಟಿಂಗ್ ಆಗ್ಬೇಕು ಅಷ್ಟೆ, ತಿಂಡಿ ಬರ್ಬೇಕು, ಮುಂದಿನ ಮೀಟಿಂಗಿಗೆ ಡೇಟ್ ಫಿಕ್ಸಾಗ್ಬೇಕು. ಇದನ್ನ ಈಗಿನ ಐಟಿ ಕಂಪ್ನಿ ಹುಡುಗರಿಗೆ ತೋರ್ಸಿ ನೋಡಿ, ಸರ್ಕಾರಿ ಆಫೀಸ್ ಬಗ್ಗೆ ಅಂತ ಅವರಿಗೆ ಹೊಳೆಯೋದೇ ಇಲ್ಲ, ನಮ್ಮ ಸೋಮವಾರದ ಕಾಲ್ ಬಗ್ಗೆ ಇದು ಅಂತಾರೆ.

ಶೋದ ಹೊರಮೈಲೂ ಇದೇ ಬುದ್ಧಿ ಇತ್ತು. ಎಪಿಸೋಡ್ ಶುರುವಿನಲ್ಲಿ ಅವತ್ತು ಯಾರನ್ನ ಬೈಯ್ತಾರೋ ಅವರಿಗೇ ಗೌರವದಿಂದ ಅರ್ಪಣೆ. ಟೈಟಲ್ ಕಾರ್ಡಲ್ಲಿ ನಿರ್ದೇಶನ ಅಂತ ಇರೋ ಕಡೆ ತಪ್ಪು ನಿರ್ದೇಶನ ಅನ್ನೋ ಅರ್ಥದ ಮಾತು, ಮಿಸ್‌ಡೈರೆಕ್ಟೆಡ್ ಬೈ ಜಸ್ಪಾಲ್ ಭಟ್ಟಿ. ನಿರ್ಮಾಪಕಿ ಹೆಂಡತಿ ಸವಿತಾ ಭಟ್ಟಿ, ಅವರೇ ಶೋದಲ್ಲೂ ಹೆಂಡತಿ. ಕೊನೇಲಿ ಯಾವುದೋ ಹಳೇ ಹಿಂದಿ ಸಿನಿಮಾ ಹಾಡಿನ ಟ್ಯೂನಿಗೆ ಅವತ್ತಿನ ವಿಷಯದ ಮೇಲೆ ಅಣಕು ಹಾಡು, ಆಫೀಸಿನವರೆಲ್ಲಾ ಸೇರಿ ಹಾಡೋದು. ಈ ಹಾಡು ಬರೀ ಟೈಂಪಾಸ್ ಅಲ್ಲ ಅಂತ ನನಗನ್ಸುತ್ತೆ. ಕಥೆಗೆ ನ್ಯಾಯದ ಅಂತ್ಯ ಕೊಡೋ ಹಾಗಿಲ್ಲ, ಕೊಟ್ರೆ ಸುಳ್ಳಾಗುತ್ತೆ, ಹಾಗಂತ ಸುಮ್ನೆ ಕತ್ತರಿಸಿದ್ರೆ ಕಹಿ, ಅದಕ್ಕೇ ತಪ್ಪು ಮಾಡಿದೋರೆಲ್ಲಾ ಖುಷಿಯಾಗಿ ಕೋರಸ್ ಹಾಡ್ತಾರೆ, ಏನೂ ಬದಲಾಗಲ್ಲ ಅನ್ನೋದನ್ನ ತಾಳ ಹಾಕಿ ಹೇಳ್ದಂಗೆ.

ಹಾಗಾದ್ರೆ ದೂರದರ್ಶನ ಹೇಗೆ ಬಿಡ್ತು? ಒಂದು ಕಾರಣ ಬರೀ ವ್ಯವಹಾರ. 1984ರಲ್ಲಿ ಹಮ್ ಲೋಗ್ ಬಂದಾಗಿಂದ ದೂರದರ್ಶನದಲ್ಲಿ ಪ್ರಾಯೋಜಿತ ಧಾರಾವಾಹಿಗಳ ಕಾಲ ಶುರುವಾಗಿತ್ತು, ಜಾಹೀರಾತು ಬರ್ಬೇಕಂದ್ರೆ ಜನ ನೋಡೋ ಸರಕು ಬೇಕು, ಹೊರಗಿನ ನಿರ್ಮಾಪಕರು ಬೇಕು. ಎರಡನೇ ಕಾರಣ ಮೇಲೆ ಹೇಳಿದ್ದೇ: ಫ್ಲಾಪ್ ಶೋ ಯಾವ ಮಂತ್ರಿ ಹೆಸರನ್ನೂ ಎತ್ತಲಿಲ್ಲ, ಯಾವ ಪಕ್ಷದ ಸುದ್ದಿಗೂ ಹೋಗ್ಲಿಲ್ಲ. ಫಿರಂಗಿ ಖರೀದಿ ಲಂಚದ ಬೊಫೋರ್ಸ್ ಗಲಾಟೆ ಜೋರಾಗಿದ್ದ ವರ್ಷ ಅದು, ನವೆಂಬರಲ್ಲಿ ಚುನಾವಣೆ, ಸರ್ಕಾರಾನೇ ಬದಲಾಯ್ತು. ಅಂಥಾ ಟೈಮಲ್ಲಿ ಭಟ್ಟಿ ಮಾತಾಡಿದ್ದು ಕ್ಲರ್ಕ್ ಬಗ್ಗೆ, ಪ್ರೊಫೆಸರ್ ಬಗ್ಗೆ, ಲೈನ್‌ಮನ್ ಬಗ್ಗೆ, ಅಂದ್ರೆ ನಮ್ಮ ಬಗ್ಗೆ. ಕೆಲವರು ಇದನ್ನ ಕೊರತೆ ಅಂತಾರೆ, ದೊಡ್ಡೋರನ್ನ ಬಿಟ್ಟು ಸಣ್ಣೋರನ್ನ ಹಿಡ್ಕೊಂಡ ಅಂತ. ಆ ಮಾತಲ್ಲಿ ಸತ್ಯ ಇಲ್ಲ ಅಂತಲ್ಲ. ಆದ್ರೆ ಮಂತ್ರಿ ಮೇಲಿನ ಜೋಕು ಆ ಮಂತ್ರಿ ಜೊತೇಗೇ ಹಳೇದಾಗುತ್ತೆ, ಸುಳ್ಳು ಬಿಲ್ ಹಾಕೋ ನಮ್ಮ ಚಿಕ್ಕಪ್ಪ ಮಾತ್ರ ಯಾವ ಸರ್ಕಾರ ಬಂದ್ರೂ ಹಾಗೇ ಇರ್ತಾರೆ. ಪರ್ಮಿಷನ್ ಸಿಕ್ಕಿದ್ದೂ ಅದಕ್ಕೇ, ಶೋ ಉಳಿದಿದ್ದೂ ಅದಕ್ಕೇ.

ಮೇಲಿನೋರನ್ನ ಹಿಡಿದ್ರೆ ವಿಡಂಬನೆ ತನ್ನಷ್ಟಕ್ಕೇ ಹರಿತ ಆಗುತ್ತೆ ಅಂತೇನೂ ಇಲ್ಲ. ಬಿಬಿಸಿಯ ಯೆಸ್ ಮಿನಿಸ್ಟರ್ 1980ರಲ್ಲಿ ಶುರುವಾಯ್ತು, ಮಂತ್ರಿ ಏನೇ ಮಾಡಕ್ಕೆ ಹೊರಟ್ರೂ ಅದನ್ನ ಉದ್ದುದ್ದ ವಾಕ್ಯಗಳಲ್ಲಿ ಮುಳುಗಿಸೋ ಕಾರ್ಯದರ್ಶಿಯ ಕಥೆ, ಅದು ಸ್ಕಿಟ್ ಅಲ್ಲ ಸಿಟ್‌ಕಾಮ್, ಆದ್ರೆ ಈ ವಿಷಯದಲ್ಲಿ ಅದಕ್ಕಿಂತ ಮೇಲಿನದು ಇಲ್ಲ. ಪ್ರಧಾನಿ ಮಾರ್ಗರೆಟ್ ಥ್ಯಾಚರ್ ಅದಕ್ಕೆ ಎಷ್ಟು ಫ್ಯಾನ್ ಅಂದ್ರೆ 1984ರಲ್ಲಿ ಅದೇ ನಟರ ಜೊತೆ ಒಂದು ಪುಟ್ಟ ಸ್ಕಿಟ್ಟಲ್ಲಿ ತಾವೇ ಪಾರ್ಟ್ ಮಾಡಿದ್ರು. ಗೇಲಿ ಮಾಡಿಸ್ಕೊಂಡೋರೇ ಬಂದು ಸ್ಟೇಜ್ ಹತ್ತಿದ್ರೆ ಆ ಗೇಲಿ ಎಲ್ಲಿ ಚುಚ್ತು? 2001ರಲ್ಲಿ ಇದನ್ನ ಹಿಂದೀಲಿ ಜೀ ಮಂತ್ರೀಜಿ ಅಂತ ಫಾರೂಕ್ ಶೇಖ್ ಹಾಕ್ಕೊಂಡು ಮಾಡಿದ್ರು, ಚೆನ್ನಾಗೇ ಮಾಡಿದ್ರು, ಆದ್ರೆ ನಿಲ್ಲಲಿಲ್ಲ.

ನಿಂತಿದ್ದು ಅದೇ ವರ್ಷ ಸಬ್ ಟೀವೀಲಿ ಬಂದ ಆಫೀಸ್ ಆಫೀಸ್. ಪಂಕಜ್ ಕಪೂರ್ ಮಾಡಿದ ಮುಸದ್ದಿಲಾಲ್ ರಿಟೈರ್ ಆದ ಮೇಷ್ಟ್ರು, ಪ್ರತಿ ಸಲ ಯಾವುದೋ ಒಂದು ಸರಳ ಕೆಲ್ಸಕ್ಕೆ ಯಾವುದೋ ಒಂದು ಆಫೀಸಿಗೆ ಹೋಗ್ತಾನೆ. ಅದರಲ್ಲಿ ಒಂದು ತಂತ್ರ ಇತ್ತು, ಬಹಳ ಸಿಂಪಲ್ ಆದ್ರೆ ಅದ್ಭುತ: ಆಫೀಸು ಬದಲಾಗುತ್ತೆ, ಕೌಂಟರ್ ಹಿಂದಿನ ಜನ ಬದಲಾಗಲ್ಲ. ಒಂದು ಸಲ ಆಸ್ಪತ್ರೆ, ಇನ್ನೊಂದು ಸಲ ಬೇರೇನೋ ಇಲಾಖೆ, ಆದ್ರೆ ಒಳಗೆ ಅದೇ ಪಾನ್ ಹಾಕ್ಕೊಂಡಿರೋ ಶುಕ್ಲಾ, ಅದೇ ಸದಾ ತಿನ್ನೋ ಭಾಟಿಯಾ, ಅದೇ ಎರಡು ಮಾತು ಎರಡು ಮಾತು ಅನ್ನೋ ಪಟೇಲ್. ಇದಕ್ಕೆ ವಿವರಣೆ ಕೊಡೋ ಗೋಜಿಗೇ ಅವರು ಹೋಗಲ್ಲ, ಕೊಡ್ಬೇಕಾಗೂ ಇಲ್ಲ, ನಮಗೂ ತಾಲ್ಲೂಕು ಆಫೀಸಿಂದ ನಗರಸಭೆಗೆ ಹೋದಾಗ ಅನ್ಸೋದೇ ಅದು. 2011ರಲ್ಲಿ ಬಂದ ಅದರ ಸಿನಿಮಾದಲ್ಲಿ ಪಿಂಚಣಿ ಆಫೀಸಿನ ಲೆಕ್ಕದಲ್ಲಿ ಮುಸದ್ದಿಲಾಲ್ ಸತ್ತೋಗಿರ್ತಾನೆ, ಅವನು ಎದುರಿಗೆ ನಿಂತಿದ್ರೂ ಕಾಗದ ಬೇಕು. ಆದ್ರೆ ಇಲ್ಲಿ ಪ್ರಜೆ ಪೂರ್ತಿ ಒಳ್ಳೆಯೋನು, ಪಾಪದೋನು, ಅದಕ್ಕೇ ನಗ್ತಾ ನಗ್ತಾ ಕಣ್ಣಲ್ಲಿ ನೀರು ಬರುತ್ತೆ. ಭಟ್ಟಿ ಹತ್ರ ಕಣ್ಣೀರಿಲ್ಲ, ಅಲ್ಲಿ ನಗ್ತಾ ನಗ್ತಾ ಮುಜುಗರ ಆಗುತ್ತೆ. ನನಗೆ ಎರಡನೇದೇ ಇಷ್ಟ.

ನಮ್ಮ ಕರ್ನಾಟಕಕ್ಕೆ ಈ ಪರಂಪರೇಲಿ ಒಂದು ನೇರ ಪಾಲಿದೆ. 1988ರಲ್ಲಿ ಬಂದ ವಾಗ್ಲೆ ಕಿ ದುನಿಯಾ ಧಾರಾವಾಹಿ ಹಿಂದಿದ್ದಿದ್ದು ಮೈಸೂರಲ್ಲಿ ಹುಟ್ಟಿದ ಆರ್.ಕೆ. ಲಕ್ಷ್ಮಣ್, ಅವರ ಕಾರ್ಟೂನುಗಳ ಕಾಮನ್ ಮ್ಯಾನ್ ಒಂದು ಮಾತೂ ಆಡ್ದೆ ಇದನ್ನೆಲ್ಲ ನೋಡ್ತಾ ನಿಂತಿದ್ದ. ಕನ್ನಡ ಟೀವೀಲಿ ಸಿಲ್ಲಿ ಲಲ್ಲಿ, ಪಾಪ ಪಾಂಡು ಅಂತ ಒಳ್ಳೇ ಮನೆ ಕಾಮಿಡಿ ಬಂತು, ಆದ್ರೆ ಆಫೀಸನ್ನೇ ವಿಷಯ ಮಾಡ್ಕೊಂಡು ವಾರ ವಾರ ಒಂದೊಂದು ಇಲಾಖೆ ಬಿಚ್ಚಿದ್ದು ಕಮ್ಮಿ, ಈಗಿನ ಕಾಮಿಡಿ ರಿಯಾಲಿಟಿ ಶೋಗಳಲ್ಲಂತೂ ಸೀರೆ ಉಟ್ಟ ಗಂಡಸು ಬಂದು ಗಂಡನಿಗೆ ಒದ್ರೆ ಮುಗೀತು.

ಸರಕಿಗೇನೂ ಬರ ಇಲ್ಲ. ಸಕಾಲ ಕಾಯ್ದೇನೇ ತಗೊಳಿ, 2011ರ ಕಾಯ್ದೆ, ಉದ್ದೇಶ ನಿಜವಾಗ್ಲೂ ಚೆನ್ನಾಗಿದೆ, ಇಷ್ಟು ದಿನದೊಳಗೆ ಸೇವೆ ಕೊಡ್ಬೇಕು, ಅರ್ಜಿಗೊಂದು 15 ಅಂಕಿಯ ನಂಬರು, ತಡ ಆದ್ರೆ ದಿನಕ್ಕೆ 20 ರೂಪಾಯಿ ಪರಿಹಾರ, ಜಾಸ್ತಿ ಅಂದ್ರೆ 500. ಈಗ ಇದನ್ನ ಗುಂಡಿ ಸ್ಕಿಟ್ಟಿನ ಎಂಜಿನ್ನಿಗೆ ಹಾಕಿ. ಗಡುವಿನೊಳಗೆ ಕೆಲ್ಸ ಮುಗಿಸೋಕೆ ಅತಿ ಸುಲಭದ ದಾರಿ ಯಾವುದು? ಕೊನೇ ದಿನ ಅರ್ಜಿ ತಿರಸ್ಕಾರ ಮಾಡೋದು. ತಿರಸ್ಕಾರ ಆದ್ರೂ ವಿಲೇವಾರಿ ವಿಲೇವಾರೀನೇ, ಕಂಪ್ಯೂಟರಲ್ಲಿ ಹಸಿರು ಬಣ್ಣ, ಹೀಗೆ ತಿರಸ್ಕಾರದಲ್ಲೇ ಜಿಲ್ಲೆಗೆ ಫಸ್ಟ್ ಬಂದ ಆಫೀಸಿಗೆ ಪ್ರಶಸ್ತಿ, ಪ್ರಶಸ್ತಿ ತಗೊಳೋಕೆ ಸಾಹೇಬ್ರು ಹೋಗಿರೋದ್ರಿಂದ ಇವತ್ತು ಯಾರ ಅರ್ಜೀನೂ ತಗೊಳಲ್ಲ. ನೋಡಿ, ಸ್ಕಿಟ್ಟು ತಾನೇ ಬರ್ಕೊಂಡು ಹೋಗುತ್ತೆ.

ಕಂಪ್ಯೂಟರ್ ಬಂದ್ರೆ ಈ ಕಾಮಿಡಿ ಸಾಯುತ್ತೆ ಅಂತ ಒಂದು ಕಾಲದಲ್ಲಿ ಅಂದ್ಕೊಂಡಿದ್ರು. ಬ್ರಿಟನ್ನಿನ ಲಿಟಲ್ ಬ್ರಿಟನ್ ಶೋದಲ್ಲಿ ಕ್ಯಾರಲ್ ಬಿಯರ್ ಅಂತ ಒಬ್ಬಳು, ಗಿರಾಕಿ ಏನೇ ಕೇಳ್ಲಿ ಕೀಬೋರ್ಡ್ ಕುಟ್ಟಿ, ಸ್ಕ್ರೀನ್ ನೋಡಿ, ಕಂಪ್ಯೂಟರ್ ಆಗಲ್ಲ ಅಂತಿದೆ ಅಂತಾಳೆ. ನಮ್ಮಲ್ಲಿ ಅದು ಸರ್ವರ್ ಡೌನ್. ಮೊದ್ಲು ಸಾಹೇಬ್ರು ಮೀಟಿಂಗಲ್ಲಿದಾರೆ ಅಂದಾಗ ಕನಿಷ್ಠ ಬಾಗಿಲಲ್ಲಿ ಕಾದು ಹಿಡೀಬಹುದಿತ್ತು, ಸರ್ವರನ್ನ ಎಲ್ಲಿ ಕಾಯೋದು. ಕೌಂಟರಿನೋನಿಗೂ ಆರಾಮು, ಇಲ್ಲ ಅನ್ನೋ ಪಾಪ ಅವನ ತಲೆ ಮೇಲೆ ಬರಲ್ಲ, ನಮ್ಮ ಜೊತೆ ಸೇರ್ಕೊಂಡು ಅವನೂ ಸಿಸ್ಟಮ್ಮನ್ನ ಬೈಯ್ತಾನೆ.

ಭಟ್ಟಿ ಆಮೇಲೂ ಸುಮ್ನಿರ್ಲಿಲ್ಲ. 1999ರಲ್ಲಿ ಪಂಜಾಬ್ ಪೊಲೀಸ್ ಬಗ್ಗೆ ಮಾಹೌಲ್ ಠೀಕ್ ಹೈ ಅಂತ ಪಂಜಾಬಿ ಸಿನಿಮಾ ಮಾಡಿದ, ಚುನಾವಣೆ ಬಂದಾಗ ಹವಾಲಾ ಪಾರ್ಟಿ, ಸೂಟ್‌ಕೇಸ್ ಪಾರ್ಟಿ, 2009ರಲ್ಲಿ ರಿಸೆಶನ್ ಪಾರ್ಟಿ ಅಂತ ಅಣಕು ಪಕ್ಷ ಕಟ್ಟಿ ಬೀದಿಗಿಳಿದ. ಕರೆಂಟ್ ಹೋಗೋದರ ಬಗ್ಗೆ, ಅಂದ್ರೆ ತನ್ನ ಹಳೇ ಡಿಪಾರ್ಟ್‌ಮೆಂಟಿನ ಬಗ್ಗೇನೇ, ಪವರ್ ಕಟ್ ಅಂತ ಸಿನಿಮಾ ಮಾಡಿ ಪ್ರಚಾರಕ್ಕೆ ಓಡಾಡ್ತಿದ್ದಾಗ, ರಿಲೀಸಿಗೆ ಹಿಂದಿನ ದಿನ, 2012ರ ಅಕ್ಟೋಬರ್ 25ರಂದು ಜಲಂಧರ್ ಹತ್ರ ಕಾರ್ ಅಪಘಾತದಲ್ಲಿ ಹೋಗ್ಬಿಟ್ಟ, 57 ವರ್ಷ. 2013ರಲ್ಲಿ ಸರ್ಕಾರ ಮರಣೋತ್ತರ ಪದ್ಮಭೂಷಣ ಕೊಡ್ತು.

ನೋಡದೆ ಇರೋರು ಮೀಟಿಂಗ್ ಎಪಿಸೋಡಿಂದ ಶುರು ಮಾಡಿ, ಅದಕ್ಕೆ ಹಿಂದಿ ಜಾಸ್ತಿ ಬೇಕಾಗಲ್ಲ, ಆಮೇಲೆ ಪಿಎಚ್‌ಡಿ. ಕ್ಯಾಮೆರಾ, ಸೆಟ್ಟು ಎಲ್ಲಾ ಸಾದಾಸೀದಾ, ಮೊದಲ ಐದು ನಿಮಿಷ ಏನಪ್ಪಾ ಇದು ಇಷ್ಟು ನಿಧಾನ ಅನ್ಸುತ್ತೆ, ಫಾರ್ವರ್ಡ್ ಮಾಡ್ಬೇಡಿ. ಮನೇಲಿ ರಿಟೈರ್ಡ್ ಸರ್ಕಾರಿ ನೌಕರರಿದ್ರೆ ಮೆಡಿಕಲ್ ಬಿಲ್ ಎಪಿಸೋಡನ್ನ ಅವರ ಪಕ್ಕ ಕೂತು ನೋಡಿ, ಟೀವಿಗಿಂತ ಅವರ ಮುಖ ನೋಡ್ತಾ ಕೂತ್ರೂ ನಡೆಯುತ್ತೆ.